ಇಂಚರ ಅನ್ನುವ ಹೆಸರಿನ ಮೇಲಿನ ತಕರಾರಿಗೆ ನನ್ನ ಉತ್ತರ

ನಾನು ಬರೆಯುವವಳಲ್ಲ, ಹಾಡುವವಳು. ಓದಿದ್ದು ಏಳನೇ ಕ್ಲಾಸು, ಅದೂ ನಮ್ಮೂರಿನ ಕನ್ನಡ ಇಸ್ಕೂಲಲ್ಲಿ. ಆಮೇಲೆ ಹೊಲ, ದನ, ಮಕ್ಕಳು, ಸೋಬಾನೆ ಪದ. ವಾಚನಾಲಯದ ಹುಡುಗರು ಬಂದು "ಅಮ್ಮ, ಈ ಸಲದ ಪುಸ್ತಕಕ್ಕೆ ನೀವೂ ಒಂದು ಬರ್ದುಕೊಡಿ" ಅಂದಾಗ ನಾನು ಪದಗಳ ಬಗ್ಗೆ ಬರೀತೀನಿ ಅಂದುಕೊಂಡಿದ್ದರು. ನಾನು ಬರೀತಾ ಇರೋದು ಒಂದು ಹೆಸರಿನ ಬಗ್ಗೆ. ಒಂದೇ ಒಂದು ಹೆಸರು, ಮೂರು ಅಕ್ಷರ. ಇಂಚರ.

ಇದು ನನ್ನ ಮೊಮ್ಮಗಳ ಹೆಸರು. ಮೈಸೂರು, ಬೆಂಗಳೂರು ಕಡೆ ಈ ಹೆಸರಿನ ಹೆಣ್ಣುಮಕ್ಕಳು ಇದಾರೆ ಅಂತಾರೆ. ನಮ್ಮ ತಾಳವಾಡಿ ಸೀಮೆಯಲ್ಲಿ ನಾನು ಇಷ್ಟು ವರ್ಷ ಎಷ್ಟೋ ತೊಟ್ಟಿಲ ಮುಂದೆ ಹಾಡಿದ್ದೀನಿ, ಇವಳನ್ನ ಬಿಟ್ಟರೆ ಇನ್ನೊಂದು ಇಂಚರ ನನಗೆ ಸಿಕ್ಕಿಲ್ಲ.

ಹೋದ ಸಲ ನವೆಂಬರ್ ಒಂದನೇ ತಾರೀಕು ನಮ್ಮ ವಾಚನಾಲಯದಲ್ಲಿ ಸಭೆ ಇತ್ತು. ರಿಟೈರ್ ಆದ ಒಬ್ಬರು ಮೇಷ್ಟ್ರು ಮಾತಾಡಿದರು. ಒಳ್ಳೆ ಮಾತುಗಾರರು, ನನಗೂ ಅವರ ಮೇಲೆ ಗೌರವ ಇದೆ. ಮಾತಿನ ನಡುವೆ ಈಗಿನ ಮಕ್ಕಳ ಹೆಸರಿಗೆ ಬಂದರು. "ಈಗಿನ ಹೆಸರುಗಳು ಪ್ಲಾಸ್ಟಿಕ್ ಹೂವು ಕಣ್ರಪ್ಪ. ದೇವರಿಲ್ಲ, ಹಿರೀಕರಿಲ್ಲ, ಊರಿಲ್ಲ. ಸಿಂಚನ ಅಂತೆ, ಸ್ಪಂದನ ಅಂತೆ, ಇಂಚರ ಅಂತೆ! ಅರ್ಥ ಕೇಳಿದ್ರೆ ಇಟ್ಟೋರಿಗೇ ಗೊತ್ತಿಲ್ಲ. ನಮ್ಮ ಮಾತೇ ಅಲ್ಲ ಅವು" ಅಂದರು. ಜನ ನಕ್ಕರು. ಮೂರನೇ ಸಾಲಲ್ಲಿ ಕೂತಿದ್ದ ನನ್ನ ಮೊಮ್ಮಗಳ ಕಡೆ ತಿರುಗಿ ತಿರುಗಿ ನೋಡಿ ನಕ್ಕರು. ನಾನೂ ನಕ್ಕೆ. ನಾಲ್ಕು ಜನ ನಗುವಾಗ ಬಾಯಿ ತಾನೇ ಬಿಚ್ಚಿಕೊಂಡುಬಿಡ್ತು. ಅವಳು ತಲೆ ಬಗ್ಗಿಸಿದ್ದು ನಾನು ನೋಡಿದ್ದು ಆಮೇಲೆ.

ಆ ರಾತ್ರಿ ಮುದ್ದೆ ತಿನ್ನೋವಾಗ ಕೂಸು ಅಪ್ಪನಿಗೆ ಹೇಳ್ತು: "ಹತ್ತನೇ ಕ್ಲಾಸಿಗೆ ಹೋಗೋಗಂಟ ನನ್ ಹೆಸ್ರ ರಮ್ಯ ಅಂತ ಮಾಡ್ಸಿಬುಡಪ್ಪ."

ಹಾಗಾಗಿ ಮೇಷ್ಟ್ರ ಮಾತನ್ನ ಒಂದೊಂದಾಗಿ ಕೈಗೆ ತಗೊಂಡು ನೋಡಬೇಕು ಅನ್ನಿಸ್ತು. ಸೊಪ್ಪು ಸೋಸೋ ಹಾಗೆ. ಅವರ ಮಾತಲ್ಲಿ ಅರ್ಧ ಸರಿ ಇದೆ, ಅದನ್ನ ಮೊದಲು ಹೇಳ್ತೀನಿ.

ನಮ್ಮ ಕಡೆ ಹಳೇ ಹೆಸರುಗಳಲ್ಲಿ ದೇವರಿರೋದು ನಿಜ. ಮಾದಮ್ಮ, ಮಾದೇವಿ, ಮಾದೇವಮ್ಮ ಅಂದರೆ ಏಳುಮಲೆ ಮಾದಪ್ಪನ ಒಕ್ಕಲು. ಸಿದ್ದಮ್ಮ ಅಂದರೆ ಚಿಕ್ಕಲ್ಲೂರಿನ ಸಿದ್ದಪ್ಪಾಜಿ. ರಂಗಮ್ಮ ಬಿಳಿಗಿರಿರಂಗನ ಕಡೆಯೋಳು, ನಂಜಮ್ಮ ನಂಜನಗೂಡಿನ ನಂಜುಂಡನ ಕಡೆಯೋಳು. ಮಗಳನ್ನ ಊಟಕ್ಕೆ ಕರೆದರೆ ದೇವರನ್ನೂ ಕರೆದ ಹಾಗಾಯ್ತು. ಯಾವ ಮನೆಯೋರು ಯಾವ ಬೆಟ್ಟಕ್ಕೆ ಮುಡಿ ಕೊಡ್ತಾರೆ ಅನ್ನೋದು ಹೆಸರು ಕೇಳಿದ ಕೂಡಲೇ ಗೊತ್ತಾಗೋದು. ಗೆರೆ ಎಲ್ಲಿ ಎಳೆದಿದ್ರೂ ಈ ಹೆಸರುಗಳು ಗೆರೆ ದಾಟಿ ಓಡಾಡ್ತಿದ್ವು. 1956ರಲ್ಲಿ ರಾಜ್ಯ ವಿಂಗಡಣೆ ಆದಾಗ ಕೊಳ್ಳೇಗಾಲ ಮೈಸೂರಿಗೆ ಹೋಯ್ತು, ನಮ್ಮ ತಾಳವಾಡಿ ಮದರಾಸಿನಲ್ಲೇ ಉಳೀತು. ಮಾದಮ್ಮ ಮಾತ್ರ ಎರಡೂ ಕಡೆ ಮಾದಮ್ಮನೇ.

ಇಷ್ಟು ಸರಿ. ಆದರೆ ಹಳೇ ಹೆಸರೆಲ್ಲ ದೇವರ ಹೆಸರು ಅಂತ ಮೇಷ್ಟ್ರು ಹೇಳಿದ್ದು ಗಂಡಸರ ಮಾತು. ನನ್ನ ಹೆಸರನ್ನೇ ತಗೊಳ್ಳಿ. ನನಗೆ ಇಟ್ಟಿದ್ದು ಸಾಕಮ್ಮ ಅಂತ. ನನ್ನ ಹಿಂದೆ ಇಬ್ಬರು ಅಕ್ಕಂದಿರು. ಮೂರನೇದೂ ಹೆಣ್ಣಾಯ್ತು. ಸಾಕಪ್ಪ ಸಾಕು ಅಂತ ಇಟ್ಟರು. ಇದರಲ್ಲಿ ಯಾವ ಬೆಟ್ಟದ ದೇವರಿದಾನೆ? ನಮ್ಮವ್ವನ್ನ ಕೇಳಿದ್ರೆ "ಹಂಗಲ್ಲ ಮಗ, ಸಾಕೋದು ಸಲಹೋದು ಅಂತಾರಲ್ಲ ಆ ಸಾಕು ಅದು, ನಿನ್ನ ಸಾಕೊಳ್ಳಲಿ ಅಂತ ದೇವರಿಗೆ ಕೇಳ್ಕಂಡು ಇಟ್ಟಿದ್ದು" ಅನ್ನೋಳು. ಸೋದರತ್ತೆ ಮಾತ್ರ ಹಜಾರದಲ್ಲಿ ಎಲ್ಲರ ಮುಂದೆ ಬೇರೆ ಅರ್ಥಾನೇ ಹೇಳೋಳು. ಒಂದೇ ಮಾತು, ಎರಡು ಅರ್ಥ. ಕನ್ನಡದಲ್ಲಿ ಎರಡೂ ಸರಿ. ಅರವತ್ತು ದಾಟಿದ ಮೇಲೂ ಯಾವುದು ನಿಜ ಅಂತ ನಾನು ತೀರ್ಮಾನ ಮಾಡಿಲ್ಲ. ಯಾರಾದ್ರೂ "ಸಾಕಮ್ಮ" ಅಂತ ಕೂಗಿದಾಗ ಕೂಗೋರ ದನಿ ನೋಡಿ ಅವತ್ತಿನ ಅರ್ಥ ತಗೋತೀನಿ.

ಹಂಗೇ ಪುಟ್ಟಮ್ಮ, ದೊಡ್ಡಮ್ಮ, ಚಿಕ್ಕಮ್ಮ, ಕೆಂಪಮ್ಮ. ಇವು ಹುಟ್ಟಿದ ಸಾಲು ನೋಡಿ, ಮೈ ಬಣ್ಣ ನೋಡಿ ಇಟ್ಟ ಹೆಸರು. ಇವುಗಳಲ್ಲಿ ಬಾಳಿದವರು ದೊಡ್ಡೋರಾದ್ರು, ಹೆಸರೂ ದೊಡ್ಡದಾಯ್ತು. ಮಾದಪ್ಪನ ಕತೆಯಲ್ಲಿ ನೀಲೇಗೌಡನ ಹೆಂಡತಿ ಸಂಕಮ್ಮ ಬರ್ತಾಳೆ. ನಾನು ಆ ಸಾಲು ಕೇಳಿ ಅತ್ತಿದ್ದೀನಿ. ಸಂಕಮ್ಮ ಅಂದರೆ ಏನು ಅರ್ಥ ಅಂತ ಕತೆ ಕೇಳೋ ಯಾರೂ ಕೇಳೋದಿಲ್ಲ. ಅವಳು ಪಟ್ಟ ಪಾಡೇ ಆ ಹೆಸರಿನ ಅರ್ಥ ಆಗಿಬಿಟ್ಟಿದೆ. ಅವಳಿಗೆ ಹೆಸರಿಡೋ ಹೊತ್ತಲ್ಲಿ ಯಾರಾದ್ರೂ ಮೇಷ್ಟ್ರು ಇದ್ದಿದ್ರೆ ಅದಕ್ಕೂ ಅರ್ಥ ಕೇಳಿರೋರೋ ಏನೋ.

ಇನ್ನು ಇಂಚರಕ್ಕೆ ಬರೋಣ. ಈ ಹೆಸರು ನಮ್ಮ ಮನೆಗೆ ಹೆಂಗೆ ಬಂತು ಅಂದ್ರೆ, ಸಿನಿಮಾದಿಂದಲ್ಲ, ಟೀವಿಯಿಂದಲ್ಲ. ನನ್ನ ಮಗ ಹತ್ತನೇ ಕ್ಲಾಸು ಕನ್ನಡದಲ್ಲೇ ಓದಿದೋನು. ವ್ಯಾಕರಣ ಅಂದ್ರೆ ಅವನಿಗೆ ಕಬ್ಬಿಣದ ಕಡಲೆ. ಸಂಧಿ ಸಮಾಸ ಎಲ್ಲ ಮರೆತು ಒಂದೇ ಒಂದು ಉದಾಹರಣೆ ಅವನ ತಲೇಲಿ ಉಳಿದಿತ್ತು: ಇನಿದು ಮತ್ತು ಸರ ಸೇರಿ ಇಂಚರ. ಪರೀಕ್ಷೆಯಲ್ಲಿ ಅದು ಬಂದು ಅವನು ಪಾಸಾದ ಅಂತ ಅವನ ನಂಬಿಕೆ. ಮಗಳು ಹುಟ್ಟಿದಾಗ ಅತ್ತಿದ್ದು ಸಣ್ಣಗೆ ಪಕ್ಷಿ ಉಲಿದ ಹಾಗೆ ಇತ್ತಂತೆ. "ಅವ್ವ, ಇಂಚರ ಅಂತ ಇಡ್ತೀನಿ" ಅಂದ. ನನಗೆ ಕೇಳಿದ್ದು ಇಂಚಿನ ಲೆಕ್ಕ. "ಅದೇನ್ಲಾ, ಅಳತೆ ಟೇಪಿನ ಹೆಸ್ರ?" ಅಂದೆ. ಸೊಸೆ ಬಾಣಂತಿ ಕೋಣೆಯಿಂದಲೇ ನಕ್ಕಳು. ಅವತ್ತಿಂದ ನಮ್ಮನೇಲಿ ಅವಳ ಕರೆಯೋ ಹೆಸರು ಇಂಚು.

ಮೇಷ್ಟ್ರು ನಮ್ಮ ಮಾತೇ ಅಲ್ಲ ಅಂದ್ರು. ಜಾತ್ರೇಲಿ ಮಾರೋ ಹೆಸರಿನ ಪುಸ್ತಕ ಒಂದನ್ನ ನನ್ನ ಮಗ ತಂದಿದ್ದ, ಅದರಲ್ಲೂ ಇಂಚರ ಸಂಸ್ಕೃತ ಹೆಸರುಗಳ ಪಟ್ಟಿಯಲ್ಲಿ ಇದೆ, ಎದುರಿಗೆ ಕೋಗಿಲೆ ಅಂತ ಅರ್ಥ ಬರೆದಿದೆ. ಎರಡೂ ತಪ್ಪು. ನಾನು ನಮ್ಮ ಇಸ್ಕೂಲಿನ ಕನ್ನಡ ಟೀಚರಮ್ಮನ ಹತ್ರ ಕೂತು ವ್ಯಾಕರಣದ ಪುಸ್ತಕ ತೆಗೆಸಿ ನೋಡಿದೆ. ಇನಿದು ಅನ್ನೋದು ಹಳೇ ಕನ್ನಡದ ಮಾತು. ಸಿಹಿಯಾದದ್ದು, ರುಚಿಯಾದದ್ದು, ಹಿತವಾದದ್ದು. ಸರ ಅಂದರೆ ಸ್ವರ. ಇದೊಂದು ಸಂಸ್ಕೃತದ ಮಾತು, ಕನ್ನಡದ ಬಾಯಲ್ಲಿ ಸವೆದು ಸರ ಆಗಿರೋದು, ತದ್ಭವ ಅಂತಾರಲ್ಲ ಅದು. ಇನಿದು ಇನ್ ಆಗಿ, ಅದರ ಮುಂದೆ ಸರ ಬಂದು ಸೇರುವಾಗ ಸಕಾರ ಹೋಗಿ ಚಕಾರ ಬರ್ತದೆ. ಇನ್ ಸರ, ಇಂಚರ. ಆದೇಶ ಸಂಧಿ ಅಂತ ಅದಕ್ಕೆ ಹೆಸರು. ಅದೇ ಪುಟದಲ್ಲಿ ನುಣ್ಚರ ಅಂತ ಇನ್ನೊಂದಿದೆ, ನುಣುಪಾದ ಸ್ವರ.

ನನಗೆ ಅದು ಪೂರಾ ತಿಳಿದಿದ್ದು ಟೀಚರಮ್ಮ ಸೆರಗಿನ ಉದಾಹರಣೆ ಕೊಟ್ಟಾಗ. ಸೆರಗು ಅನ್ನೋ ಮಾತಿನ ಹಿಂದೆ ಮುನ್ ಸೇರಿದರೆ ಮುನ್‌ಸೆರಗು ಆಗೋದಿಲ್ಲ, ಮುಂಜೆರಗು ಆಗ್ತದೆ. ಸಕಾರ ಅಲ್ಲೂ ನಿಲ್ಲೋದಿಲ್ಲ, ಜಕಾರ ಆಗಿಬಿಡ್ತದೆ. ಇದು ನಾಲಿಗೆಯ ಕೆಲಸ, ಪಂಡಿತರು ಕಟ್ಟಿದ್ದಲ್ಲ. ನನ್ನಂಥೋರ ನಾಲಿಗೆ ನೂರಾರು ವರ್ಷ ಹೊರಳಿ ಹೊರಳಿ ಮಾಡಿದ ಕೆಲಸ. ಮಾವಿನ ಹಣ್ಣಿಗೂ ಇನಿದು ಸೇರ್ತದೆ, ಇಮ್ಮಾವು ಆಗ್ತದೆ. ಸಿಹಿ ಮಾವು. ಅಂದ್ರೆ ಇಂಚರ ಅನ್ನೋದು ಇಮ್ಮಾವಿನ ತಂಗಿ ಇದ್ದ ಹಾಗೆ. ಇದನ್ನ ನಮ್ಮ ಮಾತಲ್ಲ ಅಂದ್ರೆ ಇನ್ನ್ಯಾವುದು ನಮ್ಮ ಮಾತು?

ಕೋಗಿಲೆ ಅನ್ನೋ ಅರ್ಥದ ಬಗ್ಗೆ ಒಂದು ಮಾತು. ಕೋಗಿಲೆ ಹಾಡಿದ್ರೆ ಅದು ಇಂಚರ ಹೌದು. ಹಾಗಂತ ಇಂಚರ ಅಂದ್ರೆ ಕೋಗಿಲೆ ಆಗೋದಿಲ್ಲ. ಮಲ್ಲಿಗೆಗೆ ವಾಸನೆ ಇದೆ ಅಂತ ವಾಸನೆಗೆ ಮಲ್ಲಿಗೆ ಅಂತ ಅರ್ಥ ಬರೆದ ಹಾಗಾಯ್ತು. ಕವಿಗಳು ಹಕ್ಕಿಗಳ ಜೊತೆ ಈ ಮಾತನ್ನ ಜಾಸ್ತಿ ಬಳಸಿದ್ದಕ್ಕೆ ಹಕ್ಕಿಯೇ ಅದರೊಳಗೆ ಗೂಡು ಕಟ್ಟಿಬಿಟ್ಟಿದೆ. ಮಾತಿನಲ್ಲಿ ಹಕ್ಕಿ ಇಲ್ಲ. ಇಂಪಾದ ದನಿ, ಅಷ್ಟೇ. ಅದು ಮನುಷ್ಯರದ್ದಾದರೂ ಆದೀತು, ತಂಬೂರಿದಾದರೂ ಆದೀತು.

ಮೇಷ್ಟ್ರು ಸಿಂಚನ, ಸ್ಪಂದನದ ಜೊತೆ ಇದನ್ನೂ ಸೇರಿಸಿ ಒಂದೇ ಕಟ್ಟು ಕಟ್ಟಿದ್ರು. ಅದನ್ನ ನಾನು ಒಪ್ಪೋದಿಲ್ಲ. ಸಿಂಚನ ಅಂದ್ರೆ ಚಿಮುಕಿಸೋದು. ಸ್ಪಂದನ ಅಂದ್ರೆ ಮಿಡಿಯೋದು. ಇವು ಸಂಸ್ಕೃತದಿಂದ ಹಂಗೇ ಎತ್ತಿಕೊಂಡು ಬಂದವು, ನಮ್ಮ ನಾಲಿಗೆ ಮೇಲೆ ಹೊರಳಿಲ್ಲ. ಅವೂ ಕೆಟ್ಟ ಹೆಸರೇನಲ್ಲ. ಇಂಪನ ಅಂತ ಇನ್ನೊಂದು ಬಂದಿದೆ, ಇಂಪು ಅನ್ನೋ ನಮ್ಮ ಮಾತಿಗೆ ಒಂದು ನಕಾರ ಅಂಟಿಸಿ ಮಾಡಿರೋದು. ಅಂಟು ಹೊರಗೇ ಕಾಣ್ತದೆ. ಇಂಚರದಲ್ಲಿ ಅಂಟು ಕಾಣೋದಿಲ್ಲ, ಬೆಸುಗೆ ಒಳಗೆ ಹೋಗಿದೆ. ಮಾತು ಹಳೇದು, ಹೆಣ್ಣುಮಗುವಿಗೆ ಇಡೋ ಪದ್ಧತಿ ಮಾತ್ರ ಹೊಸದು.

ಈಗ ನನ್ನ ಕಸುಬಿನ ಕಡೆಯಿಂದ ನೋಡ್ತೀನಿ. ಹೆಸರಿಡೋ ದಿನ ಸೋದರತ್ತೆ ಕಿವೀಲಿ ಮೂರು ಸಲ ಹೆಸರು ಹೇಳಿದ ಮೇಲೆ ನಾವು ಪದ ಎತ್ತಬೇಕು. ಪದದೊಳಗೆ ಕೂಸಿನ ಹೆಸರು ಕೂರಿಸಬೇಕು. ಅಲ್ಲೇ ಹೆಸರಿನ ಪರೀಕ್ಷೆ. ಮಾದಮ್ಮ, ಸಾಕಮ್ಮ, ರಂಗಮ್ಮ ಇವೆಲ್ಲ ಹಾಡಿಗೆ ಅಳತೆ ಕೊಟ್ಟು ಹೊಲಿಸಿದ ರವಿಕೆ ಇದ್ದ ಹಾಗೆ. ಮಾ ಅಂದಾಗ ಬಾಯಿ ತೆರೀತದೆ, ಮ್ಮ ಅಂದಾಗ ಮುಚ್ಚುತ್ತದೆ, ಅಷ್ಟರಲ್ಲಿ ತೊಟ್ಟಿಲು ಒಂದು ಸಲ ಹೋಗಿ ಬರ್ತದೆ. ಇಂಚರ ಹಂಗಲ್ಲ. ಮೊದಲಕ್ಷರಕ್ಕೇ ದನಿ ಮೂಗಿಗೆ ಹೋಗ್ತದೆ. ಹಿಂದಿರೋ ಚರ ಎರಡೂ ಗಿಡ್ಡ, ನಿಲ್ಲೋಕೆ ಜಾಗ ಇಲ್ಲ. ಅವತ್ತು ನಾನು ಇಂಚರಮ್ಮ ಅಂತ ಮಾಡಿ ಹಾಡಿದೆ. ಹಿಂದೆ ಸೊಲ್ಲು ಕೊಡೋ ಹೆಂಗಸರಿಗೆ ನಗು ತಡೀಲಾರದೆ ಪದ ಅರ್ಧಕ್ಕೇ ಕಡಿದುಹೋಯ್ತು. ಸೋಬಾನೆಗೆ ಈ ಹೆಸರು ಒಗ್ಗೋದಿಲ್ಲ. ನನ್ನ ಮೊಮ್ಮಗಳದ್ದು ಅಂತ ಇಲ್ಲದ್ದನ್ನ ಹೇಳೋಕಾಗೋದಿಲ್ಲ.

ಆದರೆ ಆಮೇಲೆ ದಿನಾ ರಾತ್ರಿ ಅವಳನ್ನ ತೂಗಿದೋಳು ನಾನೇ. ಆಗ ಇನ್ನೊಂದು ಗೊತ್ತಾಯ್ತು. ಮಗು ಮಲಗಿಸೋವಾಗ ಪದ ಎಲ್ಲ ಮುಗಿದು ಕೊನೆಗೆ ಉಳಿಯೋದು ಬರೀ ಗುಂಯ್‌ಗುಡೋದು. ಬಾಯಿ ಮುಚ್ಚಿಕೊಂಡು ಮೂಗಲ್ಲೇ ಎಳೀತೀವಲ್ಲ, ಅದು. ಇಂ ಅನ್ನೋದು ಅಲ್ಲಿಗೆ ತಾನೇ ಹೋಗಿ ಸೇರ್ತದೆ. ಇಂ... ಅಂತ ಎಳೆದು ಎಷ್ಟು ಹೊತ್ತು ಬೇಕಾದ್ರೂ ಇರಬಹುದು, ಚರ ಅನ್ನೋ ಹೊತ್ತಿಗೆ ಕೂಸು ನಿದ್ದೆ ಹೋಗಿರ್ತದೆ. ತೆರೆದ ಗಂಟಲಲ್ಲಿ ಹತ್ತು ಜನರ ಮುಂದೆ ಹಾಡೋಕೆ ಒಗ್ಗದ ಹೆಸರು, ಕತ್ತಲಲ್ಲಿ ಒಬ್ಬಳೇ ಕೂತು ಗುನುಗೋಕೆ ಒಗ್ತದೆ. ಹೊಲದ ಆ ಕೊನೆಯಿಂದ ಕರೆಯೋಕೂ ಒಗ್ತದೆ. ಆಗ ಕೊನೆಯ ರ ಉದ್ದ ಆಗ್ತದೆ, ಇಂಚರಾ ಅಂತ. ನಾವು ಯಾರನ್ನೇ ದೂರದಿಂದ ಕರೆದ್ರೂ ಕೊನೆ ಎಳೀತೀವಿ.

ಇದರ ಮೇಲೆ ನನಗೆ ಇನ್ನೊಂದು ತಕರಾರಿದೆ. ಮೇಷ್ಟ್ರು ಹೇಳದೇ ಇರೋ ತಕರಾರು. ಹೆಣ್ಣುಮಗುವಿಗೆ ಇಂಪಾದ ದನಿ ಅಂತ ಹೆಸರಿಟ್ಟು ಕೂರಿಸಿದ್ರೆ, ಅವಳ ದನಿ ಇಂಪಾಗಿಲ್ಲದಿದ್ರೆ? ನನ್ನ ಮೊಮ್ಮಗಳ ದನಿ ಈಗ ದಪ್ಪ. ನನ್ನ ದನಿಯೇ ಅವಳಿಗೆ ಬಂದಿದೆ. ಫೋನಲ್ಲಿ ಮಾತಾಡಿದ್ರೆ "ತಮ್ಮಾ, ಅಪ್ಪ ಇಲ್ವಾ?" ಅಂತಾರೆ. ಇಸ್ಕೂಲಲ್ಲಿ ಮಕ್ಕಳು ಹೆಸರಿಗೂ ದನಿಗೂ ಗಂಟು ಹಾಕಿ ಆಡಿಕೋತಾರೆ. ಸಭೇಲಿ ಜನ ನಕ್ಕಿದ್ದರಲ್ಲಿ ಅದೂ ಸೇರಿತ್ತು, ನನಗೆ ಗೊತ್ತು.

ಇಂಪು ಅಂದ್ರೆ ಏನು ಅಂತ ಇಲ್ಲಿ ಕೇಳಬೇಕು. ರೇಡಿಯೋದಲ್ಲಿ ಬರೋ ಸಣ್ಣ ದನಿ ಒಂದೇ ಇಂಪಲ್ಲ. ನಮ್ಮ ಕಡೆ ನೀಲಗಾರರು ತಂಬೂರಿ, ಗಗ್ಗರ, ದಮ್ಮಡಿ ಹಿಡಿದು ಮಂಟೇಸ್ವಾಮಿ ಕತೆಯನ್ನ ರಾತ್ರಿಯೆಲ್ಲ ಹಾಡ್ತಾರೆ. ದೇವರಗುಡ್ಡರು ಕಂಸಾಳೆ ಹಿಡಿದು ಮಾದಪ್ಪನ ಕತೆ ಹಾಡ್ತಾರೆ. ಅವರ ಗಂಟಲು ಮಧ್ಯರಾತ್ರಿಗೆ ಒಡೆದಿರ್ತದೆ. ಒಡೆದ ಮೇಲೇ ಕತೆಗೆ ರಂಗು. ಆ ಒಡೆದ ದನಿಗೆ ಕಣ್ಣಲ್ಲಿ ನೀರು ಬರಿಸೋ ಶಕ್ತಿ ಇದೆ. ಇನಿದು ಅಂದ್ರೆ ಬರೀ ಸಕ್ಕರೆ ಸಿಹಿ ಅಲ್ಲ ಅಂತ ನನ್ನ ತಿಳಿವಳಿಕೆ. ನಾಲಿಗೆಗೆ ಒಪ್ಪಿದ್ದು, ಮನಸಿಗೆ ಒಪ್ಪಿದ್ದು. ಹಾಗಲಕಾಯಿ ಗೊಜ್ಜು ಕಹಿ ಇದ್ದರೂ ರುಚಿ ಅನ್ನೋದಿಲ್ಲವಾ?

ನಮ್ಮ ಹೊಲ ಕಾಡಂಚಲ್ಲಿದೆ. ರಾಗಿ ತೆನೆ ಕಟ್ಟೋ ಹೊತ್ತಿಗೆ ಆನೆ ಬರ್ತಾವೆ. ಅಟ್ಟಣೆ ಮೇಲೆ ಕೂತು ಕೂಗಬೇಕು, ತಗಡು ಬಡೀಬೇಕು. ಹೋದ ಸುಗ್ಗೀಲಿ ನನಗೆ ಜ್ವರ ಇದ್ದು ಅವಳು ಅಪ್ಪನ ಜೊತೆ ಹೋಗಿದ್ಳು. ಆ ರಾತ್ರಿ ಅವಳು ಕೂಗಿದ್ದು ಮನೇಲಿ ಮಲಗಿದ್ದ ನನಗೆ ಕೇಳಿಸ್ತು. ಎರಡು ಹೊಲ ದಾಟಿ ಬರೋ ದನಿ. ಬೆಳಗಾಗೆದ್ದು ನೋಡಿದ್ರೆ ಪಕ್ಕದ ಹೊಲದ ಕೋಸು ತುಳಿದಿತ್ತು, ನಮ್ಮ ರಾಗಿ ನಿಂತಿತ್ತು. ಆನೆ ಅವಳ ದನಿಗೇ ಹೋಯ್ತು ಅಂತ ಹೇಳೋದಿಲ್ಲ, ಆನೆ ಮನಸು ಯಾರಿಗೆ ಗೊತ್ತು. ಆ ದನಿ ನನಗಂತೂ ಇಂಪಾಗಿ ಕೇಳಿಸ್ತು.

ಇನ್ನು ಕಾಗದದ ಕಡೆಗೆ. ಇದೇ ನಮಗೆ ಜಾಸ್ತಿ ಕಾಟ ಕೊಟ್ಟಿದ್ದು, ನಗಿಸಿದ್ದೂ ಇದೇ.

ನಮ್ಮ ರಾಜ್ಯದಲ್ಲಿ ಕಾಗದ ಎಲ್ಲ ತಮಿಳಲ್ಲಿ. 2006ರ ಕಾನೂನು ಬಂದ ಮೇಲೆ ಮಕ್ಕಳು ಒಂದನೇ ಕ್ಲಾಸಿಂದ ತಮಿಳು ಕಲೀಬೇಕು. ನನ್ನ ಮೊಮ್ಮಗಳು ಎರಡನ್ನೂ ಓದ್ತಾಳೆ, ಬರೀತಾಳೆ. ನನಗೆ ಬಸ್ಸಿನ ಬೋರ್ಡು ಓದೋವಷ್ಟು ಬರ್ತದೆ. ತಮಿಳಲ್ಲಿ ಚಕಾರಕ್ಕೂ ಸಕಾರಕ್ಕೂ ಒಂದೇ ಅಕ್ಷರ ನಡೀತದೆ, ಅದರ ಹಿಂದೆ ಞಕಾರ ಬಂದ್ರೆ ಅದೇ ಅಕ್ಷರ ಜಕಾರ ಆಗಿಬಿಡ್ತದೆ. ನಾವು ಬೆಳೆಯೋ ಅರಿಶಿಣಕ್ಕೆ ಅವರು ಮಂಜಳ್ ಅಂತಾರೆ, ಅದರಲ್ಲಿರೋದೂ ಇದೇ ಅಕ್ಷರ. ಹಿಂಗಾಗಿ ಜನನ ಪತ್ರದಲ್ಲಿ ಬರೆದೋರು ಕೇಳಿದ ಹಾಗೇ ಬರೆದ್ರು, ಓದಿದಾಗ ಅದು ಇಂಜರಾ ಆಯ್ತು. ತಮಿಳಲ್ಲಿ ಇಂಜಿ ಅಂದ್ರೆ ಶುಂಠಿ. ಇಸ್ಕೂಲಲ್ಲಿ ತಮಿಳು ಮಕ್ಕಳು ಅವಳನ್ನ ಇಂಜಿ ಅಂತ ಕರೆದ್ರು. ಮನೇಲಿ ಇಂಚು, ಇಸ್ಕೂಲಲ್ಲಿ ಶುಂಠಿ.

ಇಂಗ್ಲೀಷಲ್ಲಿ ಬರೆದಿದ್ದು ಇನ್ನೊಂದು ಕತೆ. ಆಸ್ಪತ್ರೇಲಿ ಒಂದ್ಸಲ ಚೀಟಿ ನೋಡಿಕೊಂಡು ಕೂಗೋ ಹುಡುಗ "ಇನ್‌ಚಾರ್ಜ್! ಇನ್‌ಚಾರ್ಜ್ ಯಾರು?" ಅಂತ ಕೂಗ್ದ. ಯಾರೂ ಏಳಲಿಲ್ಲ. ಎರಡನೇ ಸಲ ಕೂಗಿದಾಗ ಇವಳು ಕೈ ಎತ್ತಿ "ನಾನೇ ಅಣ್ಣ" ಅಂದಳು. ಆಗ ಅವಳಿಗೆ ಏಳು ವರ್ಷ. ಜ್ವರದಲ್ಲೂ ನಕ್ಕಿದ್ದಳು.

ಇಸ್ಕೂಲಿನ ರಿಜಿಸ್ಟರಲ್ಲಿ ಬೇರೆ ಥರ ಬರೆದ್ರು. ಅಲ್ಲಿ ಞಕಾರ ಹಾಕದೆ ನಕಾರ ಹಾಕಿದ್ದಾರೆ. ಹಂಗೆ ಹಾಕಿದ್ರೆ ಮುಂದಿನ ಅಕ್ಷರ ಸಕಾರದ ಹಾಗೆ ಓದ್ತಾರೆ. ತಮಿಳಲ್ಲಿ ಇನ್ಸುಲಿನ್ ಔಷಧಿಯ ಹೆಸರು ಬರೆಯೋದು ಇದೇ ಅಕ್ಷರದಲ್ಲಿ. ಅಂದ್ರೆ ಇಸ್ಕೂಲಿನ ಲೆಕ್ಕದಲ್ಲಿ ಇವಳು ಇನ್ಸರಾ. ಮಗ ರಿಜಿಸ್ಟರ್ ನೋಡಿ ಬಂದು ತಲೆ ಚಚ್ಚಿಕೊಂಡ. ನಾನು ಒಂದು ಗಳಿಗೆ ಸುಮ್ಮನೆ ಕೂತೆ. ಆಮೇಲೆ ಅವನಿಗೆ ಹೇಳಿದೆ: "ನೀ ಪರೀಕ್ಷೇಲಿ ಬರ್ದಿದ್ದು ಏನ್ಲಾ? ಇನ್ ಸರ ಸೇರಿ ಇಂಚರ ಅಂತ ತಾನೆ? ಅವ್ರು ಅದ ಬಿಚ್ಚಿ ಮಡಗವ್ರೆ ಕಣ." ನೋಡಿ, ಕನ್ನಡದ ನಾಲಿಗೆ ಎಷ್ಟೋ ವರ್ಷದ ಹಿಂದೆ ಬೆಸೆದಿದ್ದನ್ನ ತಮಿಳು ಗುಮಾಸ್ತರ ಪೆನ್ನು ಗೊತ್ತಿಲ್ಲದೇ ಬಿಚ್ಚಿ, ಎರಡು ತುಂಡನ್ನೂ ಕೆಡದ ಹಾಗೆ ಪಕ್ಕಪಕ್ಕ ಇಟ್ಟಿತ್ತು. ತಪ್ಪಾಗಿ ಬರೆದು ಸರಿಯಾದ ಮೂಲಕ್ಕೆ ಹೋಗಿದ್ದರು.

ಇದನ್ನ ನಾನು ಅವಳ ತಮಿಳು ಟೀಚರಮ್ಮನಿಗೂ ಹೇಳಿದೆ. ಅವರು ದಿಂಬಂ ಘಾಟಿಯ ಇಪ್ಪತ್ತೇಳು ತಿರುವು ಹತ್ತಿ ಕೆಳಗಿನಿಂದ ಬಂದು ಇಲ್ಲಿ ಮನೆ ಮಾಡಿಕೊಂಡಿರೋರು, ಕನ್ನಡ ಈಗೀಗ ಕಲೀತಿದ್ದಾರೆ. ಇನಿದು ಅಂದ ಕೂಡಲೇ ಅವರ ಮುಖ ಅರಳ್ತು. "ಪಾಟಿಯಮ್ಮಾ, ಇನಿದು ನಮ್ಮಲ್ಲಿಯೂ ಉಂಟಲ್ಲ! ಇನಿಯ, ಇನಿದು, ಇನಿಮೈ" ಅಂದರು. ಆಮೇಲೆ ಸ್ವಲ್ಪ ಯೋಚಿಸಿ "ಇನ್ನಿಸೈ" ಅಂದರು. ಇಸೈ ಅಂದ್ರೆ ಸಂಗೀತ. ಇನ್ ಮತ್ತು ಇಸೈ ಸೇರಿ ಇನ್ನಿಸೈ, ಇಂಪಾದ ಸಂಗೀತ. ಊರ ಹಬ್ಬದ ಪೋಸ್ಟರಲ್ಲಿ ಇನ್ನಿಸೈ ಕಚ್ಚೇರಿ ಅಂತ ದೊಡ್ಡಕ್ಷರದಲ್ಲಿ ಇರ್ತದಲ್ಲ, ನಾನು ಅದನ್ನ ಎಷ್ಟು ವರ್ಷದಿಂದ ಗೋಡೆ ಮೇಲೆ ನೋಡಿದ್ದೀನಿ! ಇಂಚರವೂ ಅದೂ ಒಂದೇ ಅಚ್ಚಿನ ಬೆಲ್ಲ ಅಂತ ಅವತ್ತೇ ಗೊತ್ತಾಗಿದ್ದು. ಅವರು ಆ ಇನ್ ಅನ್ನೋದನ್ನ ಉಳಿಸಿಕೊಂಡು ತಮ್ಮ ಇಸೈ ಸೇರಿಸಿದ್ರು, ನಾವು ಸರ ಸೇರಿಸಿದ್ವಿ. ಮಾರನೇ ದಿನ ಟೀಚರಮ್ಮ ಕ್ಲಾಸಲ್ಲಿ ಇದನ್ನ ಹೇಳಿದ್ರಂತೆ. ಶುಂಠಿ ಅನ್ನೋದು ನಿಂತಿಲ್ಲ, ಮಕ್ಕಳು ಅಷ್ಟು ಬೇಗ ಬಿಡ್ತಾವಾ. ಆದರೆ ಇವಳು ಮನೆಗೆ ಬಂದು ಆ ಮಾತನ್ನ ಎರಡು ಸಲ ಹೇಳಿದಳು.

ಹೆಸರು ಬದಲಾಯಿಸೋದು ಮಹಾ ತಪ್ಪು ಅಂತ ನಾನು ವಾದ ಮಾಡ್ತಿಲ್ಲ. ನಮ್ಮ ಗಾಜನೂರಿನ ಮುತ್ತುರಾಜ 1954ರಲ್ಲಿ ಬೇಡರ ಕಣ್ಣಪ್ಪ ಸಿನಿಮಾಕ್ಕೆ ರಾಜ್‌ಕುಮಾರ್ ಆದರು. ಅದರಿಂದ ಯಾರಿಗೂ ನಷ್ಟ ಆಗಲಿಲ್ಲ. ಆದರೆ ಅವರ ಊರಿನೋರಿಗೆ ಅವರು ಕೊನೇವರೆಗೂ ಮುತ್ತುರಾಜನೇ. ಅವರು ಬದಲಾಯಿಸಿಕೊಂಡಿದ್ದು ದೊಡ್ಡ ಕೆಲಸಕ್ಕೆ ಹೋಗೋವಾಗ. ಒಂದು ಸಭೇಲಿ ನಾಲ್ಕು ಜನ ನಕ್ಕರು ಅಂತ ಬದಲಾಯಿಸೋದು ಬೇರೆ. ನನ್ನ ಹೆಸರಿಗೆ ಅರ್ಥ ಹೇಳಿ ಹಜಾರದಲ್ಲಿ ನಕ್ಕೋರು ಎಷ್ಟೋ ಜನ. ನನ್ನ ಅಪ್ಪ ನನ್ನ ಹೆಸರಿನ ಬಗ್ಗೆ ಒಂದು ದಿನ ಕೂತು ಯೋಚನೆ ಮಾಡಿರಲಿಲ್ಲ. ನನ್ನ ಮಗ ಅವನ ಮಗಳಿಗೆ, ತಾನು ಓದಿದ ಹತ್ತು ವರ್ಷದಲ್ಲಿ ಮನಸಿಗೆ ಉಳಿದ ಒಂದೇ ಮಾತನ್ನ ಕೊಟ್ಟ. ಇಟ್ಟೋರಿಗೇ ಅರ್ಥ ಗೊತ್ತಿಲ್ಲ ಅಂತ ಮೇಷ್ಟ್ರು ಹೇಳಿದ್ದು ನಮ್ಮ ಮನೆ ಮಟ್ಟಿಗಂತೂ ಸುಳ್ಳು. ಅವನಿಗೆ ಸಂಧಿ ಸಮೇತ ಗೊತ್ತಿತ್ತು.

ಹೆಸರು ಪೂರಾ ಬದಲಾಯಿಸಬೇಕಾದ್ರೆ ಗೆಜೆಟ್‌ನಲ್ಲಿ ಹಾಕಿಸಬೇಕು, ಬರೀ ಅಕ್ಷರ ಸರಿ ಮಾಡಿಸೋದಾದ್ರೆ ಬೇರೆ ಅರ್ಜಿ. ಹತ್ತನೇ ಕ್ಲಾಸಿನ ಅಂಕಪಟ್ಟಿಗೆ ಮೊದಲು ಎಲ್ಲ ಕಾಗದದಲ್ಲೂ ಒಂದೇ ಥರ ಇರಬೇಕು ಅಂದರು. ಎರಡು ಅರ್ಜಿಯನ್ನೂ ತಂದು ಮಗ ಅವಳ ಮುಂದೆ ಇಟ್ಟ. "ನಿಂದು ಹೆಸ್ರು, ನೀನೇ ಹೇಳು ಮಗ" ಅಂದ. ಅವಳು ಎರಡು ದಿನ ಏನೂ ಹೇಳಲಿಲ್ಲ. ಮೂರನೇ ದಿನ ಎಮ್ಮೆ ಹಿಂಡೋವಾಗ ನನ್ನ ಪಕ್ಕ ಬಂದು ಕೂತು, "ಅಜ್ಜಿ, ನಿಂಗ ಇನ್ಸರ ಇಷ್ಟ ಅಲ್ವ?" ಅಂದಳು.

"ಹೂಂ ಕಣ. ಬಿಚ್ಚಿದ್ರೂ ಕೆಟ್ಟಿಲ್ಲ ಅದು" ಅಂದೆ.

"ನಂಗ ಚ ಬೇಕು" ಅಂದಳು.

ತಮಿಳಲ್ಲಿ ಅದಕ್ಕೂ ದಾರಿ ಇದೆ. ಆ ಅಕ್ಷರಾನ ಒತ್ತು ಕೊಟ್ಟು ಎರಡು ಸಲ ಬರೆದರೆ ಚ ಅಂತಲೇ ಓದಬೇಕು, ಬೇರೆ ದಾರಿ ಇಲ್ಲ. ಟೀಚರಮ್ಮ ಬರೆದು ತೋರಿಸಿದ್ರು. ಇನ್ಚ್ಚರಾ ಅಂತ ಸ್ವಲ್ಪ ಗಟ್ಟಿಯಾಗಿ, ಬೈದ ಹಾಗೆ ಕೇಳ್ತದೆ. ಅವಳ ದನಿಗೆ ಅದೇ ಸರಿ ಅಂತ ನನಗನ್ನಿಸ್ತು, ಬಾಯಿಬಿಟ್ಟು ಹೇಳಲಿಲ್ಲ. ಅಕ್ಷರ ಸರಿ ಮಾಡೋ ಅರ್ಜಿ ಕೊಟ್ಟು ಬಂದಿದ್ದೀವಿ. ಮುಂದಿನ ತಿಂಗಳು ಬನ್ನಿ ಅಂದಿದ್ದಾರೆ. ರಮ್ಯ ಅನ್ನೋ ಅರ್ಜಿ ರಾಗಿ ವಾಡೆ ಮೇಲೆ ಇನ್ನೂ ಇದೆ, ಅವಳೂ ತೆಗೆದು ಹರಿದಿಲ್ಲ, ನಾವೂ ಹರಿದಿಲ್ಲ.

ಮೇಷ್ಟ್ರು ಈ ಪುಸ್ತಕ ಓದೇ ಓದ್ತಾರೆ. ಅವರಿಗೆ ತಪ್ಪು ಕಂಡಲ್ಲಿ ತಿದ್ದಲಿ. ಆ ಸಭೇಲಿ ನಾನು ನಕ್ಕಿದ್ದರ ಬಗ್ಗೆ ಮೊಮ್ಮಗಳ ಹತ್ರ ಇಲ್ಲೀವರೆಗೂ ಒಂದು ಮಾತೂ ಆಡಿಲ್ಲ. ಪುಸ್ತಕ ಅಚ್ಚಾಗಿ ಬಂದ ಮೇಲೆ ಅವಳೂ ಓದ್ತಾಳೆ.